ಅಪ್ಪನ ಮನೆ ಸರ್ಟಿಫಿಕೇಟೋ, ಗಂಡನ ಮನೆಯದೋ?



ಹೊಳಲ್ಕೆರೆ ಕಡೆಯ ಒಂದು ಸಂಘದ ಸಭೆಯಲ್ಲಿ ಉಳಿತಾಯದ ಲೆಕ್ಕ ಮುಗಿದ ಮೇಲೆ ಒಬ್ಬ ತಾಯಿ ನಮ್ಮನ್ನು ಕೇಳಿದರು: "ಸಿಸ್ಟರ್, ಮಗಳು ಬಿ.ಎಡ್. ಮಾಡಿದಾಳೆ, ಮದುವೆನೂ ಆಗಿದೆ. ಟೀಚರ್ ಕೆಲಸಕ್ಕೆ ಅರ್ಜಿ ಹಾಕೋವಾಗ ಜಾತಿ-ಆದಾಯದ ಸರ್ಟಿಫಿಕೇಟು ನಮ್ಮನೇದು ಕೊಡಬೇಕಾ, ಗಂಡನ ಮನೇದಾ?" ಕೇಳಲಿಕ್ಕೆ ಸಣ್ಣ ಪ್ರಶ್ನೆ. ಆದರೆ ಇದರಿಂದಲೇ ಹುಟ್ಟಿದ ಮೊಕದ್ದಮೆ ಸುಪ್ರೀಂ ಕೋರ್ಟಿನವರೆಗೂ ಹೋಯಿತು.

2022ರ ಮಾರ್ಚಿನಲ್ಲಿ ಸರ್ಕಾರ 6ರಿಂದ 8ನೇ ತರಗತಿಗೆ ಪಾಠ ಮಾಡುವ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ಹುದ್ದೆಗಳಿಗೆ ಅರ್ಜಿ ಕರೆಯಿತು. ಮೇ ತಿಂಗಳಲ್ಲಿ ಪರೀಕ್ಷೆ ನಡೆದು, ನವೆಂಬರ್ 18ಕ್ಕೆ ತಾತ್ಕಾಲಿಕ ಆಯ್ಕೆ ಪಟ್ಟಿ ಬಂತು. ಮದುವೆಯಾದ ಅನೇಕ ಹೆಣ್ಣುಮಕ್ಕಳು ತಂದೆಯ ಆದಾಯ ತೋರಿಸುವ ಸರ್ಟಿಫಿಕೇಟು ಕೊಟ್ಟಿದ್ದರು. ಗಂಡನದು ಕೊಟ್ಟಿಲ್ಲ ಎಂದು ಇಲಾಖೆಯವರು ಇವರನ್ನು ಮೀಸಲಾತಿಯಿಂದ ತೆಗೆದು ಸಾಮಾನ್ಯ ವರ್ಗಕ್ಕೆ ಹಾಕಿದರು. ಅಲ್ಲಿ ಕಟ್-ಆಫ್ ಮೇಲಿರುತ್ತದೆ, ಕೆಲಸ ಕೈತಪ್ಪಿತು.

ಇಲ್ಲಿ ಒಂದು ಮಾತು ಬಿಡಿಸಿ ಹೇಳಬೇಕು. ಮದುವೆಯಿಂದ ಜಾತಿ ಬದಲಾಗುವುದಿಲ್ಲ, ಅದು ಹುಟ್ಟಿನಿಂದ ಬಂದದ್ದು. ಜಗಳ ಇದ್ದದ್ದು ಆದಾಯ ಯಾರದು ಎಣಿಸಬೇಕು ಎಂಬುದರಲ್ಲಿ. ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡ, ಪ್ರವರ್ಗ 1ರವರಿಗೆ ಆದಾಯದ ಮಿತಿಯೇ ಇಲ್ಲ. ಆದ್ದರಿಂದ ನಮ್ಮ ನಾಯಕರ, ಗೊಲ್ಲರ ಹೆಣ್ಣುಮಕ್ಕಳಿಗೆ ಈ ತೊಡಕು ಬರುವುದಿಲ್ಲ. 2ಎ, 2ಬಿ, 3ಎ, 3ಬಿಯಲ್ಲಿ ಬರುವವರು, ಅಂದರೆ ಕುರುಬರು, ಲಿಂಗಾಯತರು ಮುಂತಾದವರು ಎಚ್ಚರದಿಂದಿರಬೇಕು.

ಪಟ್ಟಿಯಿಂದ ಹೊರಗುಳಿದವರು ಹೈಕೋರ್ಟಿಗೆ ಹೋದರು. 2023ರ ಜನವರಿ 30ರಂದು ಏಕಸದಸ್ಯ ಪೀಠ ಅವರ ಪರ ತೀರ್ಪು ಕೊಟ್ಟು ಪಟ್ಟಿ ರದ್ದು ಮಾಡಿತು. ಇಲಾಖೆ ಹೊಸ ಪಟ್ಟಿ ಮಾಡಿತು. ಆಗ ಮೊದಲ ಪಟ್ಟಿಯಲ್ಲಿದ್ದ ನಾನೂರಕ್ಕೂ ಹೆಚ್ಚು ಜನ ಹೊರಗೆ ಬಿದ್ದರು. ಅವರದೂ ಓದಿ ಗಳಿಸಿದ ಅಂಕವೇ ತಾನೆ? ಅವರು ಮೇಲ್ಮನವಿ ಹಾಕಿದರು. ಅದೇ ವರ್ಷ ಅಕ್ಟೋಬರ್ 12ರಂದು ವಿಭಾಗೀಯ ಪೀಠ, ಸರ್ಕಾರಿ ನೌಕರಿ ನೇಮಕಾತಿಯ ತಕರಾರು ಮೊದಲು ಹೋಗಬೇಕಾದ್ದು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ, ಹೈಕೋರ್ಟಿಗೆ ಅಲ್ಲ ಎಂದಿತು. ಜನವರಿಯ ತೀರ್ಪು ಬಿದ್ದುಹೋಯಿತು. 2025ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟೂ ಇದನ್ನೇ ಎತ್ತಿಹಿಡಿಯಿತು.

ನೋಡಿ, ಪರೀಕ್ಷೆ ಬರೆದು ಮೂರು ವರ್ಷ ಮೀರಿತ್ತು. ಅಷ್ಟಾದರೂ ತಂದೆಯ ಆದಾಯವೋ ಗಂಡನದೋ ಎಂಬುದನ್ನು ಸುಪ್ರೀಂ ಕೋರ್ಟು ತೀರ್ಮಾನಿಸಲಿಲ್ಲ. ಯಾವ ಬಾಗಿಲು ತಟ್ಟಬೇಕು ಎಂಬುದರಲ್ಲೇ ಕಾಲ ಕಳೆಯಿತು. ನಮಗೆ ಇದು ಬಹಳ ಬೇಸರದ ಸಂಗತಿ. ನಿಯಮ ಮೊದಲೇ ಬಿಡಿಸಿ ಹೇಳಿದ್ದರೆ ಎರಡೂ ಕಡೆಯವರಿಗೆ ಈ ಅಲೆದಾಟ ತಪ್ಪುತ್ತಿತ್ತು.

ಆ ತಾಯಿಗೆ ನಾವು ಹೇಳಿದ್ದು ಇಷ್ಟು. ಅಧಿಸೂಚನೆಯಲ್ಲಿ ಪ್ರಮಾಣಪತ್ರದ ಬಗ್ಗೆ ಏನಿದೆ ಎಂದು ಮಗಳ ಕೈಲಿ ಪೂರ್ತಿ ಓದಿಸಿ. ಸೈಬರ್ ಸೆಂಟರಿನವರ ಬಾಯಿಮಾತು ನಂಬಬೇಡಿ. ಅನುಮಾನವಿದ್ದರೆ ಬಿ.ಇ.ಒ. ಅಥವಾ ಡಿ.ಡಿ.ಪಿ.ಐ. ಕಚೇರಿಗೆ ಬರೆದು ಕೇಳಿ, ಸ್ವೀಕೃತಿ ಪಡೆಯಿರಿ. ನಾಡಕಚೇರಿಗೆ ಕೊನೇ ವಾರದಲ್ಲಿ ಓಡಬೇಡಿ. ತಾತ್ಕಾಲಿಕ ಪಟ್ಟಿಗೆ ಆಕ್ಷೇಪಣೆ ಸಲ್ಲಿಸಲು ಕೆಲವೇ ದಿನ ಇರುತ್ತವೆ, ಅದನ್ನು ಬರಹದಲ್ಲೇ ಕೊಡಿ. ಅನ್ಯಾಯವಾಗಿದೆ ಎನಿಸಿದರೆ ಅಂತಿಮ ಆದೇಶದಿಂದ ಒಂದು ವರ್ಷದೊಳಗೆ ನ್ಯಾಯಮಂಡಳಿಗೆ ಹೋಗಬೇಕು.

ವಕೀಲರಿಗೆ ದುಡ್ಡೆಲ್ಲಿಂದ ತರೋದು ಅಂತೀರಾ? 1987ರ ಕಾನೂನಿನಂತೆ ಹೆಣ್ಣುಮಕ್ಕಳಿಗೆ, ಆದಾಯ ಎಷ್ಟೇ ಇರಲಿ, ಕಾನೂನು ನೆರವು ಉಚಿತ. ಚಿತ್ರದುರ್ಗದ ಜಿಲ್ಲಾ ನ್ಯಾಯಾಲಯದಲ್ಲಿ ಕಾನೂನು ಸೇವಾ ಪ್ರಾಧಿಕಾರ ಇದೆ. ಹಿರಿಯೂರು, ಹೊಸದುರ್ಗ, ಹೊಳಲ್ಕೆರೆಯವರು ತಮ್ಮ ಕೋರ್ಟಿನ ತಾಲ್ಲೂಕು ಸಮಿತಿಯಲ್ಲಿ ವಿಚಾರಿಸಬಹುದು. ಫೋನಿನಲ್ಲಾದರೆ 15100. ಹೋಗುವಾಗ ಅರ್ಜಿಯ ಪ್ರತಿ, ಸರ್ಟಿಫಿಕೇಟುಗಳು, ಪಟ್ಟಿಯ ಪ್ರತಿ, ಆಕ್ಷೇಪಣೆಯ ಸ್ವೀಕೃತಿ ಎಲ್ಲವನ್ನೂ ಒಂದೇ ಫೈಲಿನಲ್ಲಿ ಇಟ್ಟುಕೊಂಡು ಹೋಗಿ.