ಡ್ಯಾನ್ಸ್ ಡ್ಯಾನ್ಸ್ ರೆವಲ್ಯೂಷನ್ ಆಟದ ಸಂರಕ್ಷಣೆ

ಡ್ಯಾನ್ಸ್ ಡ್ಯಾನ್ಸ್ ರೆವಲ್ಯೂಷನ್ ಜಪಾನಿನ ಕೊನಾಮಿ ಸಂಸ್ಥೆಯು ೧೯೯೮ರಲ್ಲಿ ವಿಡಿಯೋ ಗೇಮ್ ಪಾರ್ಲರುಗಳಿಗಾಗಿ ಹೊರತಂದ ಲಯಪ್ರಧಾನ ಆಟ. ಹಾಡು ನುಡಿಯುತ್ತಿರುವಾಗ ಪರದೆಯ ಮೇಲೆ ಬಾಣದ ಗುರುತುಗಳು ಕೆಳಗಿನಿಂದ ಮೇಲೇರುತ್ತವೆ. ಅವು ಮೇಲ್ಭಾಗದ ಸ್ಥಿರ ಬಾಣಗಳನ್ನು ಕೂಡುವ ಕ್ಷಣದಲ್ಲಿ ಆಟಗಾರರು ವೇದಿಕೆಯ ನಾಲ್ಕು ಫಲಕಗಳ ಪೈಕಿ ಸೂಕ್ತವಾದುದನ್ನು ತುಳಿಯಬೇಕು. ಹೆಜ್ಜೆಯು ತಾಳಕ್ಕೆ ಎಷ್ಟು ಹತ್ತಿರವಾಗಿ ಬಿದ್ದಿತೆಂಬುದೇ ಅಂಕದ ಆಧಾರ. ಆದ್ದರಿಂದ ಈ ಆಟದ ಸಂರಕ್ಷಣೆಯೆಂದರೆ ಚಿತ್ರ ಮತ್ತು ಧ್ವನಿಗಳ ಜೊತೆಗೆ ಕಾಲದ ನಿಖರತೆಯನ್ನೂ ಉಳಿಸುವುದಾಗಿದೆ.

ಮೂಲ ಯಂತ್ರ

ಆರಂಭಿಕ ಆವೃತ್ತಿಗಳು ಕೊನಾಮಿಯ ಸಿಸ್ಟಮ್ ೫೭೩ ಎಂಬ ಯಂತ್ರಾಂಶವನ್ನು ಬಳಸಿದವು. ಇದು ಸೋನಿಯ ಪ್ಲೇಸ್ಟೇಷನ್ ರಚನೆಯನ್ನು ಆಧರಿಸಿದೆ. ಮೊದಲ ಆವೃತ್ತಿಗಳಲ್ಲಿ ಹಾಡುಗಳು ಸಿ.ಡಿ.ಯಿಂದಲೇ ನುಡಿಯುತ್ತಿದ್ದವು, ಮುಂದಿನ ಆವೃತ್ತಿಗಳು ಗೂಢಲಿಪಿಯಲ್ಲಿದ್ದ ಎಂಪಿ೩ ಕಡತಗಳನ್ನು ಬಳಸಿದವು. ಆಟವನ್ನು ಸ್ಥಾಪಿಸಲು ಭದ್ರತಾ ಕಾರ್ಟ್ರಿಜ್ ಅಗತ್ಯವಿತ್ತು. ಸಿ.ಡಿ. ಗೀರಿಹೋದರೆ ಅಥವಾ ಕಾರ್ಟ್ರಿಜ್ ಕೆಟ್ಟರೆ, ಯಂತ್ರದ ಉಳಿದ ಭಾಗಗಳು ಸುಸ್ಥಿತಿಯಲ್ಲಿದ್ದರೂ ಆಟ ನಿಂತುಹೋಗಬಹುದು.

ಎಮ್ಯುಲೇಷನ್

ಒಂದು ಯಂತ್ರದ ವರ್ತನೆಯನ್ನು ಇನ್ನೊಂದು ಗಣಕದಲ್ಲಿ ತಂತ್ರಾಂಶದ ಮೂಲಕ ಅನುಕರಿಸುವುದಕ್ಕೆ ಎಮ್ಯುಲೇಷನ್ ಎನ್ನುತ್ತಾರೆ. ೧೯೯೭ರಲ್ಲಿ ಆರಂಭವಾದ, ೨೦೧೬ರಿಂದ ಮುಕ್ತ ಪರವಾನಗಿಯಲ್ಲಿ ದೊರೆಯುತ್ತಿರುವ ಮೇಮ್ ಎಂಬ ತಂತ್ರಾಂಶವು ಸಿಸ್ಟಮ್ ೫೭೩ನ್ನೂ ಅನುಕರಿಸುತ್ತದೆ. ಇದಕ್ಕೆ ಮೂಲ ಸಿ.ಡಿ. ಮತ್ತು ಕಾರ್ಟ್ರಿಜ್‌ಗಳಲ್ಲಿರುವ ದತ್ತಾಂಶದ ಯಥಾಪ್ರತಿ ಬೇಕು. ಸ್ಟೆಪ್‌ಮೇನಿಯಾ ಎಂಬ ಮುಕ್ತ ತಂತ್ರಾಂಶದ ಮಾರ್ಗ ಬೇರೆ. ಅದು ಮೂಲ ಆಟವನ್ನು ಓಡಿಸುವುದಿಲ್ಲ. ಅದೇ ಬಗೆಯ ಆಟವನ್ನು ಹೊಸದಾಗಿ ರಚಿಸಿ, ಬಳಕೆದಾರರು ತಮ್ಮದೇ ಹಾಡುಗಳಿಗೆ ಹೆಜ್ಜೆಗಳನ್ನು ಹೊಂದಿಸಲು ಅವಕಾಶ ನೀಡುತ್ತದೆ. ಮೊದಲನೆಯದು ಕೃತಿಯನ್ನು ಉಳಿಸಿದರೆ, ಎರಡನೆಯದು ಆಟದ ಪರಂಪರೆಯನ್ನು ಮುಂದುವರಿಸುತ್ತದೆ.

ಕಾಲದ ನಿಖರತೆ

ಸೆಕೆಂಡಿಗೆ ೬೦ ಚಿತ್ರಗಳನ್ನು ತೋರಿಸುವ ಪರದೆಯಲ್ಲಿ ಒಂದು ಚಿತ್ರದ ಅವಧಿ ಸುಮಾರು ೧೬.೭ ಮಿಲಿಸೆಕೆಂಡು. ಹಳೆಯ ಸಿ.ಆರ್.ಟಿ. ಪರದೆಗಳು ಸಂಕೇತವನ್ನು ಬಹುತೇಕ ತಡವಿಲ್ಲದೆ ತೋರಿಸುತ್ತಿದ್ದವು. ಇಂದಿನ ಅನೇಕ ದೂರದರ್ಶನಗಳು ಚಿತ್ರವನ್ನು ಸಂಸ್ಕರಿಸಲು ಹಲವು ಚಿತ್ರಾವಧಿಗಳನ್ನು ತೆಗೆದುಕೊಳ್ಳುತ್ತವೆ. ಗಣಕದ ಧ್ವನಿಯೂ ಕೊಂಚ ತಡವಾಗಿ ಹೊರಬರುತ್ತದೆ. ಇತರ ಅನೇಕ ಆಟಗಳಲ್ಲಿ ಗಮನಕ್ಕೆ ಬಾರದ ಈ ವಿಳಂಬವು ಇಲ್ಲಿ ತಾಳಕ್ಕೆ ಸರಿಯಾಗಿ ಇಟ್ಟ ಹೆಜ್ಜೆಯನ್ನೂ ತಪ್ಪೆಂದು ಎಣಿಸಬಹುದು. ವಿಳಂಬವು ಸ್ಥಿರವಾಗಿದ್ದರೆ ಅದನ್ನು ಅಳೆದು ಸರಿದೂಗಿಸಬಹುದು. ಕ್ಷಣಕ್ಷಣಕ್ಕೂ ಬದಲಾಗುತ್ತಿದ್ದರೆ ಅದು ಸಾಧ್ಯವಿಲ್ಲ.

ಹಕ್ಕುಗಳು ಮತ್ತು ಮಿತಿಗಳು

ಆರಂಭಿಕ ಆವೃತ್ತಿಗಳ ಅನೇಕ ಹಾಡುಗಳು ಡ್ಯಾನ್ಸ್‌ಮೇನಿಯಾ ಎಂಬ ಸಂಗೀತ ಸಂಕಲನಗಳಿಂದ ಬಂದವು. ಆದ್ದರಿಂದ ಆಟದ ಮರುಬಿಡುಗಡೆಗೆ ಹಾಡುಗಳ ಹಕ್ಕುದಾರರ ಒಪ್ಪಿಗೆಯೂ ಬೇಕಾಗುತ್ತದೆ. ಅಮೆರಿಕದ ವಿಡಿಯೋ ಗೇಮ್ ಹಿಸ್ಟರಿ ಫೌಂಡೇಷನ್ ೨೦೨೩ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಆ ದೇಶದಲ್ಲಿ ೨೦೧೦ಕ್ಕೆ ಮೊದಲು ಬಿಡುಗಡೆಯಾದ ಆಟಗಳಲ್ಲಿ ಶೇ. ೮೭ರಷ್ಟು ಮಾರುಕಟ್ಟೆಯಲ್ಲಿ ಲಭ್ಯವಿಲ್ಲ. ಯಂತ್ರದ ವೇದಿಕೆ, ಹಿಡಿಕಂಬಿ ಮತ್ತು ಸುತ್ತ ನೆರೆಯುತ್ತಿದ್ದ ಪ್ರೇಕ್ಷಕರ ಅನುಭವವನ್ನು ತಂತ್ರಾಂಶವೊಂದೇ ಮರಳಿ ಕೊಡಲಾರದು. ಆದಕಾರಣ ದತ್ತಾಂಶದ ಪ್ರತಿಯೊಂದಿಗೆ ಮೂಲ ಯಂತ್ರಗಳ ದುರಸ್ತಿಯೂ ಸಂರಕ್ಷಣೆಯ ಅವಶ್ಯ ಅಂಗವಾಗಿದೆ.