ತಲೆಗೆ ಪೆಟ್ಟು ಬಿದ್ದರೆ ಆಟ ನಿಲ್ಲಿಸಿ

ಮಕ್ಕಳೇ, ಬೆಳಗಾವಿಯ ಟಿಳಕವಾಡಿಯಲ್ಲಿರುವ ಲೇಲೆ ಮೈದಾನದ ಹೆಸರನ್ನು ನಿಮ್ಮಲ್ಲಿ ಅನೇಕರು ಕೇಳಿದ್ದೀರಿ. ಅಲ್ಲಿ ಫುಟ್‌ಬಾಲ್ ಆಡುವವರನ್ನು ನೋಡಿಯೂ ಇರಬಹುದು. ಖಾನಾಪುರದ ಹಳ್ಳಿಗಳಲ್ಲಿ ದೊಡ್ಡ ಮೈದಾನವೇ ಬೇಕೆಂದಿಲ್ಲ. ಭತ್ತದ ಕೊಯ್ಲು ಮುಗಿದರೆ ಗದ್ದೆಯೇ ಮೈದಾನ. ಎರಡು ಕಲ್ಲು ಇಟ್ಟರೆ ಅದೇ ಗೋಲು.

ಆಟವೆಂದ ಮೇಲೆ ಬೀಳುವುದು, ಏಳುವುದು ಇದ್ದದ್ದೇ. ಮೊಣಕಾಲು ತರಚಿದರೆ ರಕ್ತ ಕಾಣುತ್ತದೆ. ಕಾಲು ಉಳುಕಿದರೆ ಬಾವು ಕಾಣುತ್ತದೆ. ಆದರೆ ಮೇಲೆ ಬಂದ ಚೆಂಡಿಗಾಗಿ ಇಬ್ಬರು ಒಮ್ಮೆಲೇ ಹಾರಿ ತಲೆಗೆ ತಲೆ ಡಿಕ್ಕಿ ಹೊಡೆದರೆ? ಎಷ್ಟೋ ಸಲ ರಕ್ತವೂ ಇಲ್ಲ, ಬಾವೂ ಇಲ್ಲ. ಮುಖಕ್ಕೆ ನೀರು ಚಿಮುಕಿಸಿ, “ಏನೂ ಆಗಿಲ್ಲ, ಆಡು” ಎನ್ನುತ್ತೇವೆ. ನಿಜವಾಗಿಯೂ ಏನೂ ಆಗಿಲ್ಲವೇ? ಬನ್ನಿ, ತಲೆಯ ಒಳಗೆ ಇಣುಕಿ ನೋಡೋಣ.

ಗಟ್ಟಿ ಡಬ್ಬಿ, ಮೆತ್ತನೆಯ ಮಿದುಳು

ದೊಡ್ಡವರ ಮಿದುಳಿನ ತೂಕ ಸುಮಾರು 1.3ರಿಂದ 1.4 ಕಿಲೋಗ್ರಾಂ. ಅದು ಗಿಣ್ಣಿನಂತೆ ಬಹಳ ಮೃದು. ಅದನ್ನು ಕಾಪಾಡಲು ಹೊರಗೆ ತಲೆಬುರುಡೆ ಎಂಬ ಗಟ್ಟಿ ಡಬ್ಬಿ ಇದೆ. ಒಳಗೆ ಮೂರು ಪೊರೆಗಳಿವೆ. ಪೊರೆಗಳ ನಡುವೆ ಒಂದು ತಿಳಿಯಾದ ದ್ರವವಿದೆ. ಮಿದುಳು ಈ ದ್ರವದಲ್ಲಿ ತೇಲುತ್ತಿರುತ್ತದೆ. ನಡೆಯುವಾಗ, ಓಡುವಾಗ, ಜಿಗಿಯುವಾಗ ಆಗುವ ಸಣ್ಣ ಅಲುಗಾಟಗಳನ್ನು ಈ ದ್ರವ ತಡೆದುಕೊಳ್ಳುತ್ತದೆ.

ಆದರೆ ಜೋರಾದ ಪೆಟ್ಟು ಬಿದ್ದಾಗ ಏನಾಗುತ್ತದೆ? ನೀವು ಖಾನಾಪುರದಿಂದ ಬೆಳಗಾವಿಗೆ ಬಸ್ಸಿನಲ್ಲಿ ನಿಂತುಕೊಂಡು ಬರುತ್ತಿದ್ದೀರಿ ಎಂದುಕೊಳ್ಳಿ. ಚಾಲಕರು ಒಮ್ಮೆಲೇ ಬ್ರೇಕ್ ಹಾಕಿದರೆ ಬಸ್ಸು ನಿಲ್ಲುತ್ತದೆ, ನೀವು ಮಾತ್ರ ಮುಂದಕ್ಕೆ ಮುಗ್ಗರಿಸುತ್ತೀರಿ. ಇದಕ್ಕೆ ಕಾರಣ ಜಡತ್ವ. ತಲೆಬುರುಡೆ ಬಸ್ಸಾದರೆ ಮಿದುಳು ಅದರೊಳಗಿನ ಪ್ರಯಾಣಿಕ. ಬುರುಡೆ ತಟ್ಟನೆ ನಿಂತರೂ ಮಿದುಳು ಮುಂದಕ್ಕೆ ಸರಿಯುತ್ತದೆ. ತಲೆ ತಟ್ಟನೆ ತಿರುಗಿದಾಗಲಂತೂ ಅದು ಒಳಗೇ ತಿರುಚಿದಂತಾಗುತ್ತದೆ.

ಮಾಡಿ ನೋಡಿ

ಬೇಕಾಗುವ ವಸ್ತುಗಳು: ಒಂದು ಹಸಿ ಮೊಟ್ಟೆ, ಒಂದು ಬೇಯಿಸಿದ ಮೊಟ್ಟೆ, ಅಗಲವಾದ ತಟ್ಟೆ.

ವಿಧಾನ: ಬೇಯಿಸಿದ ಮೊಟ್ಟೆಯನ್ನು ತಟ್ಟೆಯಲ್ಲಿಟ್ಟು ಬುಗುರಿಯಂತೆ ತಿರುಗಿಸಿ. ತಿರುಗುತ್ತಿರುವಾಗ ಬೆರಳಿನಿಂದ ಮೆಲ್ಲಗೆ ಮುಟ್ಟಿ ನಿಲ್ಲಿಸಿ, ಕೂಡಲೇ ಬೆರಳು ತೆಗೆಯಿರಿ. ಅದು ನಿಂತೇ ಇರುತ್ತದೆ. ಹಸಿ ಮೊಟ್ಟೆಯನ್ನೂ ಹೀಗೆಯೇ ತಿರುಗಿಸಿ, ನಿಲ್ಲಿಸಿ, ಬೆರಳು ತೆಗೆಯಿರಿ. ಏನಾಯಿತು? ನಿಂತಿದ್ದ ಮೊಟ್ಟೆ ತಾನಾಗಿಯೇ ಮತ್ತೆ ನಿಧಾನವಾಗಿ ತಿರುಗತೊಡಗಿತು!

ಕಾರಣ: ನೀವು ನಿಲ್ಲಿಸಿದ್ದು ಚಿಪ್ಪನ್ನು ಮಾತ್ರ. ಒಳಗಿನ ದ್ರವ ಇನ್ನೂ ತಿರುಗುತ್ತಲೇ ಇತ್ತು. ಚಿಪ್ಪಿನ ಮೇಲೆ ಒಂದು ಬಿರುಕೂ ಇಲ್ಲ. ಹೊರಗೆ ಏನೂ ಕಾಣದಿದ್ದರೂ ಒಳಗೆ ಚಲನೆ ಇರಬಲ್ಲದು ಎಂಬುದು ಇದರಿಂದ ತಿಳಿಯುತ್ತದೆ.

ಕನ್ಕಷನ್ ಎಂದರೇನು?

ಪೆಟ್ಟಿನಿಂದ ಮಿದುಳು ಅಲುಗಿ, ಅದರ ಕೆಲಸ ಸ್ವಲ್ಪ ಕಾಲ ಏರುಪೇರಾಗುವುದಕ್ಕೆ ವೈದ್ಯರು ಕನ್ಕಷನ್ ಎನ್ನುತ್ತಾರೆ. ಆಗ ನರತಂತುಗಳು ಎಳೆದಂತಾಗುತ್ತವೆ. ನರಕೋಶಗಳ ಒಳಗೆ ಇರಬೇಕಾದ ಪೊಟ್ಯಾಸಿಯಂ ಹೊರಗೆ ಹೋಗುತ್ತದೆ, ಹೊರಗಿದ್ದ ಕ್ಯಾಲ್ಸಿಯಂ ಒಳಗೆ ನುಗ್ಗುತ್ತದೆ. ಇದನ್ನೆಲ್ಲ ಮತ್ತೆ ಸರಿಪಡಿಸಲು ಕೋಶಗಳಿಗೆ ಹೆಚ್ಚು ಶಕ್ತಿ ಬೇಕು. ಆದರೆ ಅದೇ ಹೊತ್ತಿಗೆ ಮಿದುಳಿಗೆ ರಕ್ತದ ಪೂರೈಕೆ ಕಡಿಮೆಯಾಗಬಹುದು. ಹೀಗಾಗಿ ಮಿದುಳು ದಣಿದಿರುತ್ತದೆ.

ಮೂಳೆ ಮುರಿದರೆ ಎಕ್ಸ್‌ರೇಯಲ್ಲಿ ಕಾಣುತ್ತದೆ. ಕನ್ಕಷನ್ ಸಾಮಾನ್ಯವಾಗಿ ಎಕ್ಸ್‌ರೇಯಲ್ಲೂ ಸ್ಕ್ಯಾನಿಂಗ್‌ನಲ್ಲೂ ಕಾಣುವುದಿಲ್ಲ. ಎಚ್ಚರ ತಪ್ಪಿದರೆ ಮಾತ್ರ ಕನ್ಕಷನ್ ಎಂದು ಹಲವರು ತಿಳಿದಿದ್ದಾರೆ. ಅದು ತಪ್ಪು. ಹೆಚ್ಚಿನವರಿಗೆ ಎಚ್ಚರ ತಪ್ಪುವುದೇ ಇಲ್ಲ.

“ಇದು ಫೈನಲ್ ಪಂದ್ಯವೇ?”

2014ರ ಜುಲೈ 13ರಂದು ಬ್ರೆಜಿಲ್‌ನಲ್ಲಿ ವಿಶ್ವಕಪ್ ಫುಟ್‌ಬಾಲ್ ಫೈನಲ್ ನಡೆಯಿತು. ಜರ್ಮನಿಯ ಆಟಗಾರ ಕ್ರಿಸ್ಟೋಫ್ ಕ್ರಾಮರ್ ಅವರ ತಲೆಗೆ ಎದುರಾಳಿಯ ಭುಜ ಬಡಿಯಿತು. ಅವರು ಎದ್ದು ಆಟ ಮುಂದುವರಿಸಿದರು. ಸ್ವಲ್ಪ ಹೊತ್ತಿನ ಮೇಲೆ ರೆಫರಿಯ ಬಳಿ ಬಂದು, “ಇದು ಫೈನಲ್ ಪಂದ್ಯವೇ?” ಎಂದು ಕೇಳಿದರು! ಆಗ ಅವರನ್ನು ಹೊರಗೆ ಕರೆದುಕೊಂಡರು. ಅಂದು ಜರ್ಮನಿ ಗೆದ್ದಿತು. ಆದರೆ ತಾವು ಆಡಿದ ಆಟವೇ ಕ್ರಾಮರ್ ಅವರ ನೆನಪಿನಲ್ಲಿ ಉಳಿಯಲಿಲ್ಲ.

ನಮ್ಮ ಕರ್ನಾಟಕದ ಕ್ರಿಕೆಟ್ ಆಟಗಾರ ಮಯಂಕ್ ಅಗರ್‌ವಾಲ್ ಅವರಿಗೂ ಇಂಥ ಪೆಟ್ಟು ಬಿದ್ದಿತ್ತು. 2021ರ ಆಗಸ್ಟ್‌ನಲ್ಲಿ ಇಂಗ್ಲೆಂಡಿನ ನಾಟಿಂಗ್‌ಹ್ಯಾಮ್‌ನಲ್ಲಿ ಅಭ್ಯಾಸ ಮಾಡುವಾಗ ಚೆಂಡು ಅವರ ಹೆಲ್ಮೆಟ್‌ಗೆ ಬಡಿಯಿತು. ಪರೀಕ್ಷೆಯಲ್ಲಿ ಕನ್ಕಷನ್ ಲಕ್ಷಣ ಕಂಡದ್ದರಿಂದ ಅವರನ್ನು ಮೊದಲ ಟೆಸ್ಟ್ ಪಂದ್ಯದಿಂದ ಕೈಬಿಟ್ಟರು. ಕರ್ನಾಟಕದವರೇ ಆದ ಕೆ.ಎಲ್. ರಾಹುಲ್ ಆರಂಭಿಕರಾಗಿ ಇಳಿದು 84 ರನ್ ಹೊಡೆದರು. ಮಯಂಕ್ ಅವರ ಆಟ ಅಲ್ಲಿಗೇ ಮುಗಿಯಿತೇ? ಇಲ್ಲ. ಅದೇ ವರ್ಷ ಡಿಸೆಂಬರ್‌ನಲ್ಲಿ ಮುಂಬಯಿಯಲ್ಲಿ ನ್ಯೂಜಿಲೆಂಡ್ ವಿರುದ್ಧ ಅವರು 150 ರನ್ ಗಳಿಸಿದರು.

ಹೆಲ್ಮೆಟ್ ಸಾಕೇ?

ಮಯಂಕ್ ಅವರ ತಲೆಯ ಮೇಲೆ ಹೆಲ್ಮೆಟ್ ಇತ್ತು. ಆದರೂ ಹೀಗೇಕಾಯಿತು? ಹೆಲ್ಮೆಟ್ ತಲೆಬುರುಡೆ ಒಡೆಯದಂತೆ ಕಾಪಾಡುತ್ತದೆ. ಒಳಗಿನ ಮಿದುಳು ಅಲುಗದಂತೆ ಪೂರ್ತಿ ತಡೆಯಲು ಅದಕ್ಕೆ ಆಗುವುದಿಲ್ಲ. ಅಮೆರಿಕದಲ್ಲಿ ‘ಅಮೆರಿಕನ್ ಫುಟ್‌ಬಾಲ್’ ಎಂಬ ಬೇರೆಯೇ ಆಟವಿದೆ. ಅದರಲ್ಲಿ ಚೆಂಡು ಹಿಡಿದು ಓಡುವವನನ್ನು ಎದುರಾಳಿಗಳು ಮೈಮೇಲೆ ಬಿದ್ದು ಕೆಡವುತ್ತಾರೆ. ಆಟಗಾರರೆಲ್ಲ ದೊಡ್ಡ ಹೆಲ್ಮೆಟ್ ಧರಿಸುತ್ತಾರೆ. ಆದರೂ ಆ ಆಟದಲ್ಲಿ ಕನ್ಕಷನ್ ಬಹಳ.

2006ರಲ್ಲಿ ಅಮೆರಿಕದ ವಾಷಿಂಗ್ಟನ್ ರಾಜ್ಯದಲ್ಲಿ ಝಾಕರಿ ಲೈಸ್ಟೆಡ್ ಎಂಬ 13 ವರ್ಷದ ಹುಡುಗ ಈ ಆಟ ಆಡುವಾಗ ಅವನ ತಲೆಗೆ ಪೆಟ್ಟು ಬಿತ್ತು. ಸ್ವಲ್ಪ ಹೊತ್ತು ಕುಳಿತು ಮತ್ತೆ ಆಟಕ್ಕಿಳಿದ. ಪಂದ್ಯ ಮುಗಿಯುವ ಹೊತ್ತಿಗೆ ಕುಸಿದು ಬಿದ್ದ. ಮಿದುಳಿನಲ್ಲಿ ರಕ್ತಸ್ರಾವವಾಗಿತ್ತು. ಜೀವ ಉಳಿಯಿತು, ಆದರೆ ಮತ್ತೆ ಮಾತು ಬರಲು ಎಷ್ಟೋ ತಿಂಗಳು ಬೇಕಾಯಿತು. 2009ರಲ್ಲಿ ಆ ರಾಜ್ಯ ಅವನ ಹೆಸರಿನಲ್ಲಿಯೇ ಒಂದು ಕಾನೂನು ಮಾಡಿತು. ಕನ್ಕಷನ್ ಆಗಿರಬಹುದೆಂಬ ಅನುಮಾನ ಬಂದರೆ ಆಟಗಾರನನ್ನು ಹೊರಗೆ ಕಳುಹಿಸಬೇಕು, ವೈದ್ಯಕೀಯ ಒಪ್ಪಿಗೆ ಇಲ್ಲದೆ ಅವನು ಮತ್ತೆ ಆಡಬಾರದು ಎಂಬುದೇ ಆ ಕಾನೂನು.

ದಣಿದ ಮಿದುಳಿಗೆ ಎರಡನೆಯ ಪೆಟ್ಟು ಬಿದ್ದರೆ ಅಪಾಯ ಬಹಳ ಹೆಚ್ಚು. ಮಕ್ಕಳು ಇನ್ನೂ ಹೆಚ್ಚು ಜಾಗರೂಕರಾಗಿರಬೇಕು. ನಿಮ್ಮ ಮಿದುಳು ಇನ್ನೂ ಬೆಳೆಯುತ್ತಿದೆ. ಕತ್ತಿನ ಸ್ನಾಯುಗಳು ದೊಡ್ಡವರಷ್ಟು ಬಲಿತಿಲ್ಲ.

ಗುರುತಿಸುವುದು ಹೇಗೆ?

ತಲೆಗೆ ಪೆಟ್ಟು ಬಿದ್ದ ಗೆಳೆಯ ಅಥವಾ ಗೆಳತಿಯಲ್ಲಿ ಇವುಗಳಲ್ಲಿ ಒಂದು ಕಂಡರೂ ಆಟ ನಿಲ್ಲಿಸಿ:

* ತಲೆನೋವು, ತಲೆಸುತ್ತು, ವಾಕರಿಕೆ
* ಕಣ್ಣು ಮಂಜಾಗುವುದು, ಬೆಳಕು ಅಥವಾ ಸದ್ದು ಸಹಿಸದಿರುವುದು
* ನಡೆಯುವಾಗ ತೂರಾಡುವುದು
* ಮಂಕಾಗಿರುವುದು, ಕೇಳಿದ್ದನ್ನೇ ಮತ್ತೆ ಮತ್ತೆ ಕೇಳುವುದು
* ಎಷ್ಟು ಗೋಲಾಯಿತು, ಎದುರಾಳಿ ಯಾರು ಎಂಬುದು ನೆನಪಾಗದಿರುವುದು

ಕೆಲವು ಲಕ್ಷಣಗಳು ಕೆಲವು ಗಂಟೆಗಳ ನಂತರ ಕಾಣಿಸಬಹುದು. ಆದ್ದರಿಂದ ಮನೆಯಲ್ಲಿ ಅವ್ವ-ಅಪ್ಪನಿಗೆ ತಪ್ಪದೆ ಹೇಳಿ. ಪೆಟ್ಟು ಬಿದ್ದವರನ್ನು ಒಬ್ಬರೇ ಬಿಡಬೇಡಿ, ಸೈಕಲ್ ತುಳಿಯಲು ಬಿಡಬೇಡಿ, ವೈದ್ಯರಿಗೆ ತೋರಿಸಿ.

ಎಚ್ಚರ ತಪ್ಪುವುದು, ಮತ್ತೆ ಮತ್ತೆ ವಾಂತಿ, ಹೆಚ್ಚುತ್ತಲೇ ಹೋಗುವ ತಲೆನೋವು, ಫಿಟ್ಸ್, ಕೈಕಾಲಿನಲ್ಲಿ ಶಕ್ತಿ ಇಲ್ಲದಿರುವುದು, ಎಬ್ಬಿಸಿದರೂ ಏಳದಂಥ ನಿದ್ದೆ, ಕಿವಿ-ಮೂಗಿನಿಂದ ರಕ್ತ ಅಥವಾ ನೀರು ಸೋರುವುದು ಕಂಡರೆ ತಡಮಾಡದೆ 108ಕ್ಕೆ ಕರೆ ಮಾಡಿ. ಕತ್ತು ನೋಯುತ್ತಿದ್ದರೆ ಅಥವಾ ಎಚ್ಚರ ತಪ್ಪಿದ್ದರೆ ಎತ್ತಿ ಕೂಡಿಸಬೇಡಿ. ಉಳ್ಳಾಗಡ್ಡಿ ಮೂಸಿಸುವುದು, ಬಾಯಿಗೆ ನೀರು ಹಾಕುವುದು ಬೇಡವೇ ಬೇಡ.

ಮತ್ತೆ ಆಡುವುದು ಯಾವಾಗ?

ಪೆಟ್ಟು ಬಿದ್ದ ದಿನ ಮತ್ತೆ ಆಟವಿಲ್ಲ. ಮೊದಲ ಒಂದೆರಡು ದಿನ ವಿಶ್ರಾಂತಿ ಪಡೆಯಬೇಕು, ಟಿ.ವಿ., ಮೊಬೈಲ್ ದೂರವಿಡಬೇಕು. ನಂತರ ಮೊದಲು ನಡಿಗೆ, ಆಮೇಲೆ ಓಟ, ಆಮೇಲೆ ಚೆಂಡಿನ ಅಭ್ಯಾಸ. ಒಂದೊಂದು ಮೆಟ್ಟಿಲಿಗೂ ಕನಿಷ್ಠ ಒಂದು ದಿನ ಬೇಕು. ಲಕ್ಷಣಗಳು ಹೆಚ್ಚಾದರೆ ಅಲ್ಲಿಗೇ ನಿಲ್ಲಿಸಬೇಕು. ವೈದ್ಯರು ಒಪ್ಪಿದ ಮೇಲೆಯೇ ಪಂದ್ಯ. ಹೆಚ್ಚಿನ ಮಕ್ಕಳು ಸುಮಾರು ನಾಲ್ಕು ವಾರಗಳಲ್ಲಿ ಪೂರ್ತಿ ಗುಣವಾಗುತ್ತಾರೆ.

ಬರುವ ಮುನ್ನ ತಡೆಯೋಣ

* ಗೋಲಿಗೆ ಕಲ್ಲು, ಇಟ್ಟಿಗೆ ಇಡಬೇಡಿ. ಚಪ್ಪಲಿ ಅಥವಾ ಚೀಲ ಇಡಿ. ಕಂಬವಿದ್ದರೆ ನೆಲಕ್ಕೆ ಭದ್ರವಾಗಿ ಹೂಳಿರಲಿ, ಅದಕ್ಕೆ ಜೋತುಬೀಳಬೇಡಿ.
* ದೊಡ್ಡವರ 5ನೇ ಅಳತೆಯ ಚೆಂಡು 410ರಿಂದ 450 ಗ್ರಾಂ ತೂಗುತ್ತದೆ. ನೀವು ಹಗುರವಾದ 4ನೇ ಅಳತೆಯ ಚೆಂಡು ಬಳಸಿ. ಕಲ್ಲಿನಂತಾಗುವಷ್ಟು ಗಾಳಿ ತುಂಬಬೇಡಿ.
* ಚೆಂಡಿಗೆ ತಲೆ ಕೊಡುವ ಅಭ್ಯಾಸ ಈಗಲೇ ಬೇಡ. ಅಮೆರಿಕದಲ್ಲಿ 2015ರಿಂದ 10 ವರ್ಷದವರೆಗಿನ ಮಕ್ಕಳಿಗೆ ಇದನ್ನು ನಿಷೇಧಿಸಿದ್ದಾರೆ. ಇಂಗ್ಲೆಂಡಿನಲ್ಲೂ 2020ರಲ್ಲಿ ಪ್ರಾಥಮಿಕ ಶಾಲೆಯ ಮಕ್ಕಳ ತರಬೇತಿಯಿಂದ ಇದನ್ನು ತೆಗೆದರು.
* ಮೊಣಕೈ ಚಾಚಿ ಹಾರಬೇಡಿ. ಹಿಂದಿನಿಂದ ತಳ್ಳಬೇಡಿ.

ಮಕ್ಕಳೇ, “ಸರ್, ನನ್ನ ತಲೆ ಸುತ್ತುತ್ತಿದೆ” ಎಂದು ಹೇಳುವುದು ಹೇಡಿತನವಲ್ಲ. ಪೆಟ್ಟು ಬಿದ್ದವರಿಗೆ ತಮ್ಮ ಸ್ಥಿತಿ ತಮಗೇ ತಿಳಿಯದೆ ಇರಬಹುದು. ಆಗ ಪಕ್ಕದಲ್ಲಿದ್ದ ನೀವೇ ಓಡಿಹೋಗಿ ಶಿಕ್ಷಕರಿಗೆ ತಿಳಿಸಬೇಕು. ಸೋತ ಪಂದ್ಯವನ್ನು ಮುಂದಿನ ವಾರ ಗೆಲ್ಲಬಹುದು. ಮಿದುಳು ಮಾತ್ರ ನಮ್ಮಲ್ಲಿ ಒಂದೇ ಇದೆ.

ಯೋಚಿಸಿ ಉತ್ತರಿಸಿ

1. ಹಸಿ ಮೊಟ್ಟೆ ನಿಲ್ಲಿಸಿದ ಮೇಲೂ ಮತ್ತೆ ತಿರುಗಿದ್ದೇಕೆ?
2. ಹೆಲ್ಮೆಟ್ ಧರಿಸಿದರೂ ಕನ್ಕಷನ್ ಆಗಬಹುದು. ಏಕೆ?
3. ನಿಮ್ಮ ಶಾಲೆಯ ಆಟದ ಬಯಲನ್ನು ಒಮ್ಮೆ ಸುತ್ತಿ ಬನ್ನಿ. ತಲೆಗೆ ಪೆಟ್ಟಾಗಬಹುದಾದ ಜಾಗಗಳನ್ನು ಪಟ್ಟಿ ಮಾಡಿ ಶಿಕ್ಷಕರಿಗೆ ತೋರಿಸಿ.