ಹೊಗೆಗೆ ದಾರಿ ಬಿಟ್ಟ ಮನೆ

ಉತ್ತರ ಅಮೆರಿಕದ ಹುಲ್ಲುಬಯಲಿನಲ್ಲಿ ಮರ ಕಡಿಮೆ, ಗಾಳಿ ವಿಪರೀತ. ಅಲ್ಲಿ ಬೈಸನ್ ಹಿಂಡುಗಳ ಬೆನ್ನುಹತ್ತಿ ಬಿಡಾರ ಬದಲಿಸುತ್ತಿದ್ದ ಲಕೋಟ, ಶೆಯೆನ್, ಬ್ಲ್ಯಾಕ್‌ಫೂಟ್, ಕ್ರೋ ಜನರು ಗಳಗಳ ಮೇಲೆ ಬೈಸನ್ ತೊಗಲು ಹೊದಿಸಿ ಎಬ್ಬಿಸುತ್ತಿದ್ದ ಗುಡಾರವೇ ಟೀಪಿ. ಕೊರೆಯುವ ಚಳಿಯಲ್ಲೂ ಒಳಗೇ ಬೆಂಕಿ ಉರಿಸಿಕೊಂಡು ಮನೆಮಂದಿಯೆಲ್ಲ ನಿದ್ದೆ ಮಾಡುವಂತೆ ಅದನ್ನು ಕಟ್ಟುತ್ತಿದ್ದರು.

ಚಿತ್ರದಲ್ಲಿ ಟೀಪಿ ನೇರ ಶಂಕುವಿನಂತೆ ಕಂಡರೂ ಅದು ಹಿಂದಕ್ಕೆ ವಾಲಿರುತ್ತದೆ. ಬೆನ್ನು ಕಡಿದು, ಮುಂಬದಿ ಇಳಿಜಾರು, ಒಳನೆಲ ಮೊಟ್ಟೆಯಾಕಾರ. ಬಾಗಿಲು ಸಾಮಾನ್ಯವಾಗಿ ಪೂರ್ವಕ್ಕೆ. ಪಡುವಣ ಗಾಳಿಗೆ ಬೆನ್ನು ಕೊಟ್ಟಾಗ ಮುಂದಿನ ಉದ್ದ ಗಳಗಳು ಒತ್ತುಗೊಟ್ಟು ನಿಲ್ಲಿಸುತ್ತವೆ. ವಾಲಿರುವುದರಿಂದಲೇ ಹೊಗೆಕಿಂಡಿ ಗಳಗಳು ಕೂಡುವ ಗಂಟಿನ ಸುತ್ತ ಇರದೆ ಮುಂಬದಿಗೆ ಸರಿದಿರುತ್ತದೆ, ಮಳೆ ಬಂದರೆ ಮುಚ್ಚಲು ಬರುತ್ತದೆ. ಕಿಂಡಿಯ ಅಕ್ಕಪಕ್ಕ ಹೊದಿಕೆಯದೇ ಕಿವಿಯಂಥ ಎರಡು ಮಡಿಕೆಗಳಿವೆ. ಹೊರಗೆ ನಿಂತ ಎರಡು ಗಳಗಳಿಂದ ಅವನ್ನು ಗಾಳಿಯ ದಿಕ್ಕು ನೋಡಿ ತಿರುಗಿಸುತ್ತಾರೆ.

ಇಷ್ಟಾದರೂ ಟೀಪಿಯ ನಿಜವಾದ ಜಾಣ್ಮೆ ಇರುವುದು ಒಳಪರದೆಯಲ್ಲಿ ಎಂದೇ ನನ್ನ ಎಣಿಕೆ. ಅದನ್ನು ಭುಜದೆತ್ತರಕ್ಕೆ ಗಳಗಳ ಒಳಮೈಗೆ ಕಟ್ಟಿ, ಕೆಳಅಂಚನ್ನು ನೆಲಕ್ಕೆ ಒತ್ತಿಬಿಡುತ್ತಾರೆ. ಹೊರಹೊದಿಕೆಯ ಬುಡದಲ್ಲಿ ಮಾತ್ರ ಸಣ್ಣ ಸಂದು. ಅಲ್ಲಿ ನುಗ್ಗಿದ ತಣ್ಣನೆ ಗಾಳಿ ಮಲಗಿದವರ ಮೈಸೋಕದೆ ಪರದೆಯ ಹಿಂದೆಯೇ ಮೇಲೇರಿ, ಹೊಗೆಯನ್ನೂ ಕಿಂಡಿಯತ್ತ ಸಾಗಿಸುತ್ತದೆ. ಗಳಗುಂಟ ಇಳಿದ ಮಳೆನೀರೂ ಪರದೆಯ ಹಿಂದೆ ಜಾರಿ ನೆಲ ಸೇರುತ್ತದೆ. ಗಳದಲ್ಲಿ ಒಂದು ಗಿಣ್ಣು ಉಳಿದರೂ ಸಾಕು, ನೀರು ಅಲ್ಲೇ ತೊಟ್ಟಿಕ್ಕೀತು. ಅದಕ್ಕೇ ತೊಗಟೆ ಸುಲಿದು, ನುಣ್ಣಗೆ ಹೆರೆದ ಗಳಗಳೇ ಬೇಕು.

ತೊಗಲು ಹದಮಾಡಿ, ಹೊಲಿದು, ಗುಡಾರ ಎಬ್ಬಿಸುತ್ತಿದ್ದವರು ಹೆಂಗಸರು. ಅದರ ಒಡೆತನವೂ ಅವರದೇ. ಈ ವಿನ್ಯಾಸದ ಹೆಗ್ಗಳಿಕೆಯೂ ಅವರಿಗೇ ಸಲ್ಲಬೇಕು. ಹೊಗೆ ಕುಡಿದ ಮೇಲ್ಭಾಗದ ತೊಗಲು ನೆನೆದು ಒಣಗಿದರೂ ಬಿರುಸಾಗದು. ಹೊದಿಕೆ ಹಳತಾದ ಮೇಲೆ ಅದನ್ನು ಕತ್ತರಿಸಿ ಪಾದರಕ್ಷೆ ಹೊಲಿಯುತ್ತಿದ್ದರು.

ಅಮೆರಿಕ ಸೇನೆಯ ಅಧಿಕಾರಿ ಹೆನ್ರಿ ಸಿಬ್ಲಿ ಟೀಪಿಯನ್ನು ಕಂಡು ತನ್ನದೊಂದು ಗುಡಾರ ರೂಪಿಸಿ 1856ರಲ್ಲಿ ಪೇಟೆಂಟ್ ಪಡೆದ. ನಡುವೆ ಒಂದೇ ಕಂಬದ ನೇರ ಶಂಕು ಅದು. ಆಕಾರ ಸೇನೆಗೆ ಹೋಯಿತು, ವಾಲುವ ಬೆನ್ನೂ ಒಳಪರದೆಯೂ ಹೋಗಲಿಲ್ಲ. 1880ರ ದಶಕದ ಹೊತ್ತಿಗೆ ಬೇಟೆಗಾರರ ಬಂದೂಕಿಗೆ ಬೈಸನ್ ಹೆಚ್ಚುಕಡಿಮೆ ನಿರ್ನಾಮವಾಗಿ, ಟೀಪಿಗೂ ತೊಗಲಿನ ಬದಲು ಕ್ಯಾನ್ವಾಸ್ ಬಂತು. ಒಳಗಿನ ವ್ಯವಸ್ಥೆ ಬದಲಾಗಲಿಲ್ಲ. ಮೊಂಟಾನಾದಲ್ಲಿ ಪ್ರತಿ ಆಗಸ್ಟ್‌ನಲ್ಲಿ ನಡೆಯುವ ಕ್ರೋ ಫೇರ್ ಜಾತ್ರೆಯಲ್ಲಿ ಇಂದಿಗೂ ನೂರಾರು ಟೀಪಿಗಳು ಏಳುತ್ತವೆ. ಕ್ರೋ ಜನ ಮೊದಲು ನಾಲ್ಕು ಗಳ ಕಟ್ಟಿ ನಿಲ್ಲಿಸಿ, ಮಿಕ್ಕವನ್ನು ಅವುಗಳಿಗೆ ಒರಗಿಸುತ್ತಾರೆ. ಲಕೋಟರಿಗೆ ಮೂರೇ ಸಾಕು.